ಪಂಡಿತನ ಹೊಟ್ಟೆಶೂಲೆ ಮತ್ತು ದಾಸರ ಚರಿತ್ರೆ

ಕನ್ನಡದಲ್ಲಿ ಸಂತಕವಿಗಳ ಚರಿತ್ರೆಗಳಿಗೆ ಬರವಿಲ್ಲ. ಹುಟ್ಟಿದಾಗಲೇ ತೇಜಸ್ವಿ, ಬಾಲ್ಯದಲ್ಲೇ ವಿರಕ್ತ, ನಡುವಯಸ್ಸಿನಲ್ಲಿ ಪವಾಡ, ಕೊನೆಗೆ ದೇವರಲ್ಲಿ ಐಕ್ಯ. ಹೆಸರು, ಊರು ಬದಲಾಯಿಸಿದರೆ ಒಬ್ಬರ ಚರಿತ್ರೆ ಇನ್ನೊಬ್ಬರಿಗೂ ಹೊಂದುತ್ತದೆ. ನಾಯಕನ ತಪ್ಪನ್ನೇ ನಡುಗಂಬ ಮಾಡಿಕೊಂಡು ನಿಂತ ಚರಿತ್ರೆ ಮಾತ್ರ ಅಪರೂಪ. ರಾಯಚೂರು ಜಿಲ್ಲೆಯ ಮಾನ್ವಿಯ ಜಗನ್ನಾಥದಾಸರದು ಅಂಥ ಚರಿತ್ರೆ. 'ಹರಿಕಥಾಮೃತಸಾರ'ದ ಕರ್ತೃವನ್ನು ಅವರ ಭಕ್ತರೇ ಮೊದಲು ಗರ್ವಿಷ್ಠನೆಂದು ಪರಿಚಯಿಸುತ್ತಾರೆ. ದಾಸರೆಂದು ಕೈಮುಗಿಯುವುದು ಆಮೇಲೆ.

ಕಥೆ ಈ ಭಾಗದಲ್ಲಿ ಮನೆಮಾತು. ಕುರ್ಡಿ, ಬ್ಯಾಗವಾಟ, ಚೀಕಲಪರ್ವಿಯ ಕಡೆ ಹರಿಕಥೆ ಕೇಳಿದವರಿಗೆ ಅದನ್ನು ಹೊಸದಾಗಿ ಹೇಳಬೇಕಾದುದಿಲ್ಲ. ಬ್ಯಾಗವಾಟದ ನರಸಪ್ಪ ಮತ್ತು ಲಕ್ಷ್ಮಮ್ಮ ದಂಪತಿಗಳ ಮಗ ಶ್ರೀನಿವಾಸ ಮಂತ್ರಾಲಯದ ವರದೇಂದ್ರರಲ್ಲಿ ಶಾಸ್ತ್ರ ಓದಿದ. ಶ್ರೀನಿವಾಸಾಚಾರ್ಯ ಎನಿಸಿಕೊಂಡ. ಮಾನ್ವಿಯಲ್ಲಿ ಶಿಷ್ಯರಿಗೆ ಪಾಠ ಹೇಳತೊಡಗಿದ. ಆಗ ಚೀಕಲಪರ್ವಿಯ ವಿಜಯದಾಸರು ತಂಬೂರಿ ಹಿಡಿದು ಊರೂರು ತಿರುಗುತ್ತ ಮಾನ್ವಿಗೆ ಬಂದರು. ಸಮಾರಾಧನೆ ಏರ್ಪಟ್ಟಿತು. ಪಂಡಿತರಿಗೂ ಕರೆ ಹೋಯಿತು. ಕನ್ನಡದಲ್ಲಿ ಪದ ಕಟ್ಟಿ ಗೆಜ್ಜೆ ಕಟ್ಟಿ ಕುಣಿಯುವವರ ಪಂಕ್ತಿಯಲ್ಲಿ ಕೂರಲು ಆಚಾರ್ಯರಿಗೆ ಮನಸ್ಸಾಗಲಿಲ್ಲ. ಹೊತ್ತು ಮೀರಿ ಉಂಡರೆ ಹೊಟ್ಟೆಶೂಲೆ ಬರುತ್ತದೆಂದು ನೆಪ ಹೇಳಿ ಕಳಿಸಿದರು. ನೆಪವೇ ನಿಜವಾಯಿತು. ಯಾವ ಔಷಧಕ್ಕೂ ಬಗ್ಗದ ಶೂಲೆ ಹಿಡಿಯಿತು. ಕೆಲವರ ಬಾಯಲ್ಲಿ ಅದು ಕ್ಷಯ.

ಮುಂದಿನದು ಅಲೆದಾಟ. ಮಂತ್ರಾಲಯದ ರಾಘವೇಂದ್ರರ ಸನ್ನಿಧಿಯಲ್ಲಿ ಸೇವೆ ಮಾಡಿದರೆ, ಅಪರಾಧ ಎಲ್ಲಿ ಆಗಿದೆಯೋ ಅಲ್ಲಿಗೇ ಹೋಗು ಎಂಬ ಸೂಚನೆ. ವಿಜಯದಾಸರ ಬಳಿ ಹೋದರೆ, ಶಿಷ್ಯ ಗೋಪಾಲದಾಸರನ್ನು ಕಾಣು ಎಂಬ ಅಪ್ಪಣೆ. ಗೋಪಾಲದಾಸರು ದೇವದುರ್ಗ ಸೀಮೆಯ ಮೊಸರಕಲ್ಲಿನವರು. ಪೂರ್ವಾಶ್ರಮದ ಹೆಸರು ಭಾಗಣ್ಣ. ಅವರು ಧನ್ವಂತರಿಯನ್ನು ಪ್ರಾರ್ಥಿಸಿ ಒಂದು ಪದ ಹಾಡಿದರು, ಜೋಳದ ರೊಟ್ಟಿ ತಿನ್ನಿಸಿದರು, ತಮ್ಮ ಆಯುಷ್ಯದಲ್ಲಿ 40 ವರ್ಷ ಕಿತ್ತು ಪಂಡಿತನಿಗೆ ಕೊಟ್ಟರು. ಗುಣ ಹೊಂದಿದ ಶ್ರೀನಿವಾಸಾಚಾರ್ಯರು ಪಂಢರಪುರಕ್ಕೆ ಹೋಗಿ ಚಂದ್ರಭಾಗೆಯಲ್ಲಿ ಮುಳುಗಿದಾಗ 'ಜಗನ್ನಾಥವಿಠಲ' ಎಂಬ ಅಂಕಿತವಿದ್ದ ಶಿಲೆ ಕೈಗೆ ಸಿಕ್ಕಿತು. ಆಚಾರ್ಯ ದಾಸನಾದ.

ಜೋಳದ ರೊಟ್ಟಿಯ ವಿವರವೊಂದೇ ಸಾಕು, ಇದು ಈ ಎರೆಮಣ್ಣಿನಲ್ಲೇ ಬೆಳೆದ ಕಥೆ ಎನ್ನಲು. ಹೊಟ್ಟೆಶೂಲೆಯವರಿಗೆ ಬಿರುಸಾದ ರೊಟ್ಟಿ ಕೊಡುವ ವೈದ್ಯ ಎಲ್ಲಿಯೂ ಇಲ್ಲ. ಪಂಡಿತನ ಹೊಟ್ಟೆಗೆ ಊರ ಮಂದಿಯ ಅನ್ನ ಹೋಗಬೇಕಿತ್ತು ಎಂಬುದನ್ನು ಕಥೆ ಕಟ್ಟಿದವರು ಹೀಗೆ ಸೂಚಿಸಿದ್ದಾರೆ.

ಇದರಲ್ಲಿ ಚರಿತ್ರೆ ಎಷ್ಟು, ಕಥೆ ಎಷ್ಟು ಎಂಬ ಪ್ರಶ್ನೆಗೆ ಪರಂಪರೆ ಉಳಿಸಿಕೊಂಡಿರುವ ಸಂವತ್ಸರಗಳೇ ಒಂದು ದಾರಿ ತೋರಿಸುತ್ತವೆ. ಜಗನ್ನಾಥದಾಸರು ಹುಟ್ಟಿದ್ದು ಕೀಲಕ ಸಂವತ್ಸರದಲ್ಲಿ, ಅಂದರೆ 1728ರಲ್ಲಿ. ತೀರಿಕೊಂಡದ್ದು ಶುಕ್ಲ ಸಂವತ್ಸರದ ಭಾದ್ರಪದ ಶುದ್ಧ ನವಮಿಯಂದು, 1809ರಲ್ಲಿ. ವಿಜಯದಾಸರ ಕಾಲವಾದದ್ದು ಯುವ ಸಂವತ್ಸರದ ಕಾರ್ತೀಕ ಶುದ್ಧ ದಶಮಿ, 1755. ಗೋಪಾಲದಾಸರದು ಚಿತ್ರಭಾನು ಸಂವತ್ಸರ, 1762. ಆಗ ಅವರಿಗೆ ಸುಮಾರು 40 ವರ್ಷ.

ಈ ಲೆಕ್ಕವನ್ನು ಒಂದೆಡೆ ಇಟ್ಟು ನೋಡಿದರೆ ಎರಡು ಸಂಗತಿ ಕಾಣುತ್ತವೆ. ವಿಜಯದಾಸರು ತೀರಿಕೊಂಡಾಗ ಶ್ರೀನಿವಾಸಾಚಾರ್ಯರ ವಯಸ್ಸು 27. ಆದ್ದರಿಂದ ಊಟದ ಕರೆಯನ್ನು ತಿರಸ್ಕರಿಸಿದ ಪ್ರಸಂಗ ನಡೆದಿದ್ದೇ ಆದರೆ ಅದು ಅದಕ್ಕೂ ಮೊದಲೇ ನಡೆದಿರಬೇಕು. ಹರಿಕಥೆಗಳಲ್ಲಿ ಕಾಣಿಸುವ, ಶಿಷ್ಯಸಮೂಹದ ನಡುವೆ ಜರತಾರಿ ಶಾಲು ಹೊದ್ದು ಕುಳಿತ ಹಿರಿಯ ಪಂಡಿತ ಅವರಲ್ಲ. ಗುರುಕುಲದಿಂದ ಆಗತಾನೇ ಹೊರಬಿದ್ದ, ಹೊಸ ಬಿರುದಿನ ಬಿಸಿ ಆರದ ಯುವಕ. ಎದುರಿಗಿದ್ದವರು 70ರ ಆಸುಪಾಸಿನ ಮುದುಕರು. ಅಹಂಕಾರ ಎಂಬ ದೊಡ್ಡ ಪದಕ್ಕಿಂತ ವಯಸ್ಸಿನ ದುಡುಕು ಎಂಬ ಸಣ್ಣ ಪದವೇ ಇಲ್ಲಿ ಒಪ್ಪುತ್ತದೆ.

ಇನ್ನೊಂದು ಆ 40ರ ಸಂಖ್ಯೆಯದು. ವಿಜಯದಾಸರು ಇದ್ದಾಗಲೇ ಆಯುರ್ದಾನ ನಡೆದು, ಸಾಯಬೇಕಿದ್ದ ಯುವಕನಿಗೆ 40 ವರ್ಷ ಕೂಡಿದ್ದರೆ ಆತ 67ರ ಸುಮಾರಿಗೆ ತೀರಿಕೊಳ್ಳಬೇಕಿತ್ತು. ಆದರೆ ದಾಸರು ಬದುಕಿದ್ದು 81 ವರ್ಷ. ಕೂಡುವ ಲೆಕ್ಕ ಹೊಂದುವುದಿಲ್ಲ. ಗೋಪಾಲದಾಸರು 40ಕ್ಕೆ ಹೋದರು, ಜಗನ್ನಾಥದಾಸರು 80 ದಾಟಿದರು. ಇವರು ಅದರ ಇಮ್ಮಡಿ ಬದುಕಿದರು. ಗುರುವಿನ ಅಕಾಲ ಮರಣಕ್ಕೂ ಶಿಷ್ಯನ ದೀರ್ಘಾಯುಷ್ಯಕ್ಕೂ ನಂಟು ಹಾಕಿ, ಎರಡೂ ಸಾವುಗಳಾದ ಮೇಲೆ ಯಾರೋ ಈ ಸಂಖ್ಯೆಯನ್ನು ಕಂಡುಕೊಂಡಿರಬೇಕು. ಚಿಕ್ಕ ವಯಸ್ಸಿನಲ್ಲಿ ತೀರಿಕೊಂಡ ಪ್ರೀತಿಯ ಗುರುವಿನ ಸಾವಿಗೆ ಒಂದು ಅರ್ಥ ಬೇಕಿತ್ತು. ಅದು ಸಿಕ್ಕಿತು.

ಇಷ್ಟೇ ಆಗಿದ್ದರೆ ಕಥೆ ಸುಳ್ಳು ಎಂದು ಪಕ್ಕಕ್ಕಿಡಬಹುದಿತ್ತು. ಹಾಗೆ ಇಡಲಾಗದಿರುವುದಕ್ಕೆ ಕಾರಣ, ಅದರ ಹಿಂದಿನ ಜಗಳ ನಿಜವಾದದ್ದು.

ಪುರಂದರದಾಸರು 1564ರಲ್ಲಿ ತೀರಿಕೊಂಡರು. ಮರುವರ್ಷವೇ ವಿಜಯನಗರ ಹಾಳಾಯಿತು. ಹಂಪಿಯ ಆಶ್ರಯದಲ್ಲಿ ಬೆಳೆದಿದ್ದ ದಾಸರ ಹಾಡು ಅಲ್ಲಿಂದ ಮುಂದೆ ಬಹುಕಾಲ ಕ್ಷೀಣವಾಗಿಯೇ ಕೇಳಿಸುತ್ತದೆ. ಅದು ಮತ್ತೆ ಗಟ್ಟಿಯಾಗಿ ಎದ್ದದ್ದು ಕೃಷ್ಣಾ–ತುಂಗಭದ್ರೆಯರ ನಡುವಿನ ಈ ಪ್ರದೇಶದಲ್ಲಿ, 18ನೇ ಶತಮಾನದಲ್ಲಿ. ಆ ಹೊತ್ತಿಗೆ ಇಲ್ಲಿ ಹೈದರಾಬಾದಿನ ಆಸಫ್ ಜಾಹಿಗಳ ಆಳ್ವಿಕೆ. ಸುತ್ತ ಗದ್ವಾಲ, ಸುರಪುರದಂಥ ಸಂಸ್ಥಾನಗಳು. ರಾಜ್ಯದ ಭಾಷೆ ಪಾರಸಿ, ಶಾಸ್ತ್ರದ ಭಾಷೆ ಸಂಸ್ಕೃತ. ಹೊಲಮನೆಯ ಭಾಷೆಯಾಗಿದ್ದ ಕನ್ನಡಕ್ಕೆ ಎರಡೂ ಕಡೆ ಕುರ್ಚಿ ಇರಲಿಲ್ಲ. ರಾಘವೇಂದ್ರರು 1671ರಲ್ಲಿ ವೃಂದಾವನಸ್ಥರಾದ ಮೇಲೆ ಮಂತ್ರಾಲಯವು ಮಾಧ್ವ ವಿದ್ಯೆಯ ದೊಡ್ಡ ನೆಲೆಯಾಗಿ ಬೆಳೆದಿತ್ತು. ಅಲ್ಲಿ ಓದಿದವರಿಗೆ ಬೆಲೆ ಇತ್ತು, ಸಂಭಾವನೆ ಇತ್ತು. ತಂಬೂರಿಯವರಿಗೆ ಇದ್ದದ್ದು ಮಧುಕರಿ ಜೋಳಿಗೆ.

ವ್ಯಾಸಕೂಟ, ದಾಸಕೂಟ ಎಂಬ ಮಾತು ಇದೇ ಬಿರುಕಿನದು. ಸಂಸ್ಕೃತದಲ್ಲಿ ವಾದಗ್ರಂಥ ಬರೆಯುವವರು ಒಂದು ಕಡೆ, ಅದೇ ತತ್ತ್ವವನ್ನು ಕನ್ನಡದ ಪದ, ಸುಳಾದಿಗಳಲ್ಲಿ ಹಾಡುವವರು ಇನ್ನೊಂದು ಕಡೆ. ಸಿದ್ಧಾಂತದಲ್ಲಿ ಭೇದವಿಲ್ಲ ಎಂದು ಎರಡೂ ಕಡೆಯವರು ಹೇಳುತ್ತಾರೆ. ಅದು ನಿಜವೂ ಹೌದು. ಭೇದ ಇದ್ದದ್ದು ಮರ್ಯಾದೆಯಲ್ಲಿ. ಇಂಥದೇ ಕಥೆ ಕಲ್ಲೂರು ಸುಬ್ಬಣ್ಣಾಚಾರ್ಯರ ಬಗ್ಗೆಯೂ ಇದೆ. ಅವರೂ ಪಂಡಿತರು, ಅವರೂ ವಿಜಯದಾಸರ ಮುಂದೆ ತಲೆಬಾಗಿ 'ವ್ಯಾಸವಿಠಲ' ಅಂಕಿತದ ದಾಸರಾದವರು. ಒಂದೇ ಸೀಮೆಯಲ್ಲಿ, ಒಂದೇ ತಲೆಮಾರಿನಲ್ಲಿ ಇಬ್ಬರು ಪಂಡಿತರಿಗೆ ಒಂದೇ ಬಗೆಯ ಪಾಠವಾಯಿತೆಂದು ಕಥೆ ಹೇಳುತ್ತಿದ್ದರೆ, ಆ ಪಾಠ ಎಷ್ಟು ಜನರಿಗೆ ಬೇಕಾಗಿತ್ತು ಎಂಬುದು ಊಹೆಗೆ ಬಿಟ್ಟದ್ದು.

ಈ ಜಗಳ ಮಾನ್ವಿಯದಷ್ಟೇ ಅಲ್ಲ. ಕೇರಳದ ಗುರುವಾಯೂರಿನಲ್ಲಿ ಇದರ ಅವಳಿ ಕಥೆಯಿದೆ. ಮೇಲ್ಪತ್ತೂರು ನಾರಾಯಣ ಭಟ್ಟತಿರಿ ಸಂಸ್ಕೃತದ ಘನ ಪಂಡಿತ. ವಾತರೋಗದಿಂದ ನರಳುತ್ತ 1586ರಲ್ಲಿ 'ನಾರಾಯಣೀಯಂ' ಮುಗಿಸಿದವನು. ಪೂಂತಾನಂ ಎಂಬ ಭಕ್ತ ತನ್ನ ಮಲಯಾಳಂ ಕೃತಿಯನ್ನು ನೋಡಿಕೊಡಿ ಎಂದಾಗ ಭಟ್ಟತಿರಿ ಮುಖ ತಿರುಗಿಸಿದನಂತೆ. ಪಂಡಿತನ ವಿಭಕ್ತಿಗಿಂತ ಪೂಂತಾನದ ಭಕ್ತಿಯೇ ತನಗೆ ಇಷ್ಟವೆಂದು ದೇವರು ತಿಳಿಸಿದನಂತೆ. ಮಹಾರಾಷ್ಟ್ರದ ಪೈಠಣದ ಏಕನಾಥರು ಭಾಗವತವನ್ನು ಮರಾಠಿಯಲ್ಲಿ ಹೇಳಿದ್ದಕ್ಕೆ ಕಾಶಿಯ ಪಂಡಿತರು ಸಿಟ್ಟಾದರೆಂಬ ಕಥೆಯೂ ಇದೇ ಜಾತಿಯದು. ಕೇರಳದ ಭಟ್ಟತಿರಿಗೂ ಮಾನ್ವಿಯ ಆಚಾರ್ಯರಿಗೂ ಒಂದು ವ್ಯತ್ಯಾಸವಿದೆ. ಭಟ್ಟತಿರಿ ತಪ್ಪು ಒಪ್ಪಿಕೊಂಡರೂ ಸಂಸ್ಕೃತ ಕವಿಯಾಗಿಯೇ ಉಳಿದ. ಶ್ರೀನಿವಾಸಾಚಾರ್ಯರು ಭಾಷೆಯನ್ನೇ ಬದಲಾಯಿಸಿದರು.

ಬದಲಾಯಿಸಿದರು ಎನ್ನುವುದನ್ನೂ ಸ್ವಲ್ಪ ತಡೆದು ಹೇಳಬೇಕು. 'ಹರಿಕಥಾಮೃತಸಾರ' ಭಾಮಿನೀ ಷಟ್ಪದಿಯಲ್ಲಿದೆ. ಕುಮಾರವ್ಯಾಸನಿಂದಾಗಿ ಊರ ಗುಡಿಕಟ್ಟೆಯಲ್ಲಿ ಓದು ಬಾರದವರ ಕಿವಿಗೂ ಪಳಗಿದ್ದ ಛಂದಸ್ಸು ಅದು. ಆ ಆಯ್ಕೆಯಲ್ಲಿ ಜನರ ಕಡೆಗಿನ ಒಲವು ಸ್ಪಷ್ಟ. ಆದರೆ ಷಟ್ಪದಿಯೊಳಗೆ ತುಂಬಿರುವುದು ಮಾಧ್ವ ಸಿದ್ಧಾಂತದ ಕಬ್ಬಿಣದ ಕಡಲೆ. ಭಗವಂತನ ರೂಪಗಳ ಎಣಿಕೆ, ದೇವತೆಗಳ ತಾರತಮ್ಯ, ಉಸಿರಿನ ಲೆಕ್ಕ, ಬಿಂಬಪ್ರತಿಬಿಂಬದ ವಿಚಾರ. ಸಂಸ್ಕೃತ ಸಮಾಸಗಳು ಸಾಲುಸಾಲಾಗಿ ಬರುತ್ತವೆ. ಪುರಂದರದಾಸರ ಪದ ಕೇಳಿದೊಡನೆ ತಿಳಿಯುತ್ತದೆ. ಇದಕ್ಕೆ ಗುರು ಬೇಕು, ವ್ಯಾಖ್ಯಾನ ಬೇಕು. ವ್ಯಾಖ್ಯಾನಗಳು ಒಂದಲ್ಲ, ಹಲವು ಬಂದಿವೆ. ಅವುಗಳಲ್ಲಿ ಸಂಸ್ಕೃತ ವ್ಯಾಖ್ಯಾನವೂ ಇದೆ ಎಂಬುದು ಈ ಇಡೀ ಕಥೆಯ ಸೊಗಸಾದ ತಿರುವು. ಕನ್ನಡದ ಪದವನ್ನು ಪಂಡಿತ ಹೀಗಳೆದದ್ದರಿಂದ ಶುರುವಾದ ಚರಿತ್ರೆ, ಕನ್ನಡದ ಕೃತಿಯನ್ನು ಅರ್ಥಮಾಡಿಕೊಳ್ಳಲು ಪಂಡಿತರು ಸಂಸ್ಕೃತದಲ್ಲಿ ಟೀಕೆ ಬರೆಯುವಲ್ಲಿಗೆ ಬಂದು ಮುಟ್ಟಿತು. ಆಚಾರ್ಯ ಸತ್ತು ದಾಸ ಹುಟ್ಟಿದ ಎನ್ನುವುದು ಹರಿಕಥೆಯ ಮಾತು. ಕೃತಿಯನ್ನು ನೋಡಿದರೆ ಆಚಾರ್ಯ ಸತ್ತಿಲ್ಲ, ದಾಸನ ಮನೆಯಲ್ಲಿ ಸುಖವಾಗಿ ಇಳಿದುಕೊಂಡಿದ್ದಾನೆ.

ಅಂಕಿತದ ವಿಷಯದಲ್ಲೂ ಒಂದು ಸೂಕ್ಷ್ಮವಿದೆ. ದಾಸರಿಗೆ ಅಂಕಿತ ಬರುವುದು ಸಾಮಾನ್ಯವಾಗಿ ಗುರುವಿನ ಬಾಯಿಂದ. ಇವರಿಗೆ ಬಂದದ್ದು ನದಿಯ ಕಲ್ಲಿನಿಂದ. ಗುರುವಿನ ಪಾದಕ್ಕೆ ಬಿದ್ದ ಪಂಡಿತನಿಗೂ ಚರಿತ್ರೆಕಾರರು ಒಂದಿಷ್ಟು ಪ್ರತ್ಯೇಕ ಗೌರವ ಕಾದಿರಿಸಿದ್ದಾರೆ.

ಈ ಚರಿತ್ರೆಗಳು ಹೇಗೆ ಉಳಿದವು? ಮೊದಲು ಹಾಡಿನಲ್ಲಿ. ಗೋಪಾಲದಾಸರನ್ನು ಸ್ತುತಿಸಿ ಜಗನ್ನಾಥದಾಸರೇ ಪದ ರಚಿಸಿದ್ದಾರೆ. ಆ ಕೃತಜ್ಞತೆ ಕಟ್ಟುಕಥೆಯಲ್ಲ. ಶಿಷ್ಯರು ಅವರನ್ನು ಸ್ತುತಿಸಿದರು. ಹರಿಕಥಾಮೃತಸಾರಕ್ಕೆ ಫಲಶ್ರುತಿ ಬರೆದ ಕರ್ಜಗಿ ದಾಸಪ್ಪ, ಅಂದರೆ 'ಶ್ರೀದವಿಠಲ'ರು, ಅಂಥ ಶಿಷ್ಯರಲ್ಲಿ ಒಬ್ಬರು. ಸ್ತುತಿಯಲ್ಲಿ ಘಟನೆ ಬೀಜದಂತೆ ಇರುತ್ತದೆ. ಹರಿಕಥೆಯಲ್ಲಿ ಅದಕ್ಕೆ ಮಾತು, ನಗೆ, ಕಣ್ಣೀರು ಸೇರಿ ಮರವಾಗುತ್ತದೆ. ಅಚ್ಚಿನ ಯುಗದಲ್ಲಿ ದಾಸರ ಪದಗಳನ್ನು ಮೊದಲಿಗೆ ಸಂಗ್ರಹಿಸಿ 1850ರಲ್ಲಿ ಮಂಗಳೂರಿನಲ್ಲಿ ಅಚ್ಚು ಹಾಕಿಸಿದ್ದು ಜರ್ಮನಿಯ ಪಾದ್ರಿ ಹರ್ಮನ್ ಮೋಗ್ಲಿಂಗ್. ರಾಯಚೂರು ಸೀಮೆಯ ದಾಸರಿಗೆ ಆ ಭಾಗ್ಯ ತಂದವರಲ್ಲಿ ದೊಡ್ಡ ಹೆಸರು ಲಿಂಗಸುಗೂರಿನ ಗೋರೆಬಾಳ ಹನುಮಂತರಾಯರದು. ಉರ್ದು ಆಡಳಿತದ ನಿಜಾಮ ಸೀಮೆಯಲ್ಲಿ ಕುಳಿತು, ಮನೆಮನೆಯ ಹಸ್ತಪ್ರತಿ ಹುಡುಕಿ, ವರದೇಂದ್ರ ಹರಿದಾಸ ಸಾಹಿತ್ಯ ಮಂಡಲದಿಂದ ಅವರು ಹೊರತಂದ ಸಂಪುಟಗಳಿಲ್ಲದಿದ್ದರೆ ಇಂದು ಸಂಶೋಧಕರು ಚರ್ಚಿಸಲು ಹೆಚ್ಚು ಉಳಿಯುತ್ತಿರಲಿಲ್ಲ. ಬೇಲೂರು ಕೇಶವದಾಸರ 'ಕರ್ಣಾಟಕ ಭಕ್ತವಿಜಯ' ದಾಸರ ಜೀವನಕಥೆಗಳನ್ನು ನಾಡಿನಾದ್ಯಂತ ಹರಡಿತು. ಅದು ಭಕ್ತನ ಬರಹ, ಪುರಾವೆ ಕೇಳುವವರದಲ್ಲ. ರಾ.ಸ್ವಾ. ಪಂಚಮುಖಿಯವರಂಥ ಶಾಸನತಜ್ಞರು ಕೈಹಾಕಿದ ಮೇಲೆ ತಿಥಿ, ಸಂವತ್ಸರ, ಊರುಗಳ ವಿಚಾರ ಗಂಭೀರವಾಯಿತು.

ಹೀಗೆ ಸಂಶೋಧನೆಯೂ ಭಕ್ತಿಯೂ ಎದುರುಬದುರು ಬಂದಾಗ ಮಾನ್ವಿಯ ಕಥೆಯನ್ನು ಎರಡು ಬಗೆಯಲ್ಲಿ ಓದಲಾಯಿತು. ಸಂಪ್ರದಾಯದವರ ಓದು: ದಾಸರು ಪ್ರಹ್ಲಾದನ ತಮ್ಮ ಸಹ್ಲಾದನ ಅಂಶ, ವಿಜಯದಾಸರು ಭೃಗುವಿನ ಅಂಶ, ಗೋಪಾಲದಾಸರು ಗಣಪತಿಯ ಅಂಶ, ಅಂಥವರಿಗೆ ಗರ್ವವೆಲ್ಲಿಯದು, ಗೋಪಾಲದಾಸರ ಮಹಿಮೆ ಲೋಕಕ್ಕೆ ತಿಳಿಯಲೆಂದು ನಡೆದ ಲೀಲೆ ಇದು. ಆಧುನಿಕರ ಓದು: ಇದು ಸಂಸ್ಕೃತದ ಯಜಮಾನಿಕೆಗೆ ಕನ್ನಡ ಕೊಟ್ಟ ಪೆಟ್ಟು. ಮೊದಲನೆಯದು ತಪ್ಪನ್ನು ಅಳಿಸಿಹಾಕುತ್ತದೆ. ತಪ್ಪು ಹೋದರೆ ಕಥೆಯೂ ಹೋಗುತ್ತದೆ. ಎರಡನೆಯದು ಸ್ವಲ್ಪ ಹೆಚ್ಚು ಉತ್ಸಾಹದ್ದು. ಕಥೆಯಲ್ಲಿ ಬರುವ ಎಲ್ಲರೂ ಒಂದೇ ಮತದ ಬ್ರಾಹ್ಮಣರು. ಸಮಾರಾಧನೆಯ ಪಂಕ್ತಿಯಲ್ಲಿ ಕೂರಲು ಪಂಡಿತ ಒಲ್ಲೆನೆಂದ. ಕೂರಲು ಅವಕಾಶವೇ ಇಲ್ಲದವರು ಆ ಊರಿನಲ್ಲಿ ಬಹಳಷ್ಟಿದ್ದರು. ಅವರ ಮಾತು ಚರಿತ್ರೆಯಲ್ಲಿ ಬರುವುದಿಲ್ಲ. ಕನಕದಾಸರ ಕಥೆಯೊಳಗಿರುವ ಕಾವು ಇದರಲ್ಲಿ ಇಲ್ಲದಿರುವುದು ಅದಕ್ಕೇ. ಇಲ್ಲಿ ತೆರೆದದ್ದು ಭಾಷೆಯ ಬಾಗಿಲು ಮಾತ್ರ. ಅದು ಸಣ್ಣ ಬಾಗಿಲೇನಲ್ಲ. ವೇದ, ಶಾಸ್ತ್ರಗಳ ಹತ್ತಿರ ಸುಳಿಯಲಾಗದಿದ್ದ ಅದೇ ಮನೆಗಳ ಹೆಂಗಸರು ಈ ಷಟ್ಪದಿಗಳ ಮೂಲಕ ಸಿದ್ಧಾಂತವನ್ನು ಬಾಯಿಪಾಠ ಮಾಡಿಕೊಂಡರು. ಗೋಪಾಲದಾಸರ ಶಿಷ್ಯೆ ಹೆಳವನಕಟ್ಟೆ ಗಿರಿಯಮ್ಮ ಸ್ವತಃ ಕವಿಯೇ ಆದರು.

ಕವಿಚರಿತ್ರೆಯ ಜಗಳಗಳು ಕರ್ನಾಟಕದಲ್ಲಿ ಎಲ್ಲ ಕಡೆಯೂ ಇಷ್ಟು ತಣ್ಣಗೆ ಮುಗಿದಿಲ್ಲ. ಪುರಂದರದಾಸರ ಹುಟ್ಟೂರು ಪುಣೆಯ ಬಳಿಯ ಪುರಂದರಗಡವೋ ತೀರ್ಥಹಳ್ಳಿ ಸೀಮೆಯ ಆರಗವೋ ಎಂಬುದು ತಜ್ಞರ ಸಮಿತಿಯವರೆಗೆ ಹೋಯಿತು. ಅದು ಊರಿನ ಜಗಳ, ಅಷ್ಟು ಅಪಾಯದ್ದಲ್ಲ. ಶರಣರ ಚರಿತ್ರೆಯ ಜಗಳ ಬೇರೆ. ಚೆನ್ನಬಸವಣ್ಣನ ಜನನದ ಬಗ್ಗೆ 'ಮಾರ್ಗ' ಸಂಪುಟದಲ್ಲಿ ಬರೆದದ್ದಕ್ಕಾಗಿ ಎಂ.ಎಂ. ಕಲಬುರ್ಗಿಯವರು 1980ರ ದಶಕದ ಕೊನೆಗೆ ಮಠಾಧೀಶರ ಮುಂದೆ ಮಾತು ಹಿಂತೆಗೆದುಕೊಳ್ಳಬೇಕಾಯಿತು. ಸಂಶೋಧಕನಾಗಿ ತಾನು ಅಂದೇ ಸತ್ತೆ ಎಂಬ ಭಾವದ ನೋವನ್ನು ಅವರು ತೋಡಿಕೊಂಡಿದ್ದರು. 2015ರ ಆಗಸ್ಟ್ 30ರಂದು ಧಾರವಾಡದ ಮನೆಬಾಗಿಲಲ್ಲಿ ಅವರನ್ನು ಗುಂಡಿಟ್ಟು ಕೊಲ್ಲಲಾಯಿತು. ಆ ಹಳೆಯ ಲೇಖನಕ್ಕೂ ಈ ಕೊಲೆಗೂ ಗಂಟು ಹಾಕುವಂತಿಲ್ಲ. ಅದೇ ವಸ್ತುವನ್ನು ಮುಟ್ಟಿದ ಪಿ.ವಿ. ನಾರಾಯಣರ ಕಾದಂಬರಿ 'ಧರ್ಮಕಾರಣ' 1995ರಲ್ಲಿ ಪ್ರಕಟವಾಗಿ, ಪ್ರಶಸ್ತಿ ಪಡೆದು, 1997ರಲ್ಲಿ ಸರ್ಕಾರದ ಮುಟ್ಟುಗೋಲಿಗೆ ಒಳಗಾಯಿತು. 2007ರಲ್ಲಿ ಸುಪ್ರೀಂ ಕೋರ್ಟು ಆ ಕ್ರಮವನ್ನು ಎತ್ತಿಹಿಡಿಯಿತು.

ಇವೆರಡನ್ನೂ ಮಾನ್ವಿಯ ಪಕ್ಕದಲ್ಲಿಟ್ಟರೆ ಒಂದು ಪ್ರಶ್ನೆ ಏಳುತ್ತದೆ. ಒಬ್ಬ ಪೂಜ್ಯನ ಬದುಕಿನಲ್ಲಿ ಕಳಂಕವಿತ್ತೆಂಬ ಮಾತು ಒಂದು ಕಡೆ ಪುಸ್ತಕ ಮುಟ್ಟುಗೋಲು ಹಾಕಿಸುತ್ತದೆ. ಇನ್ನೊಂದು ಕಡೆ ಆರಾಧನೆಯ ದಿನ ಮೈಕಿನಲ್ಲಿ ಸಾರಿ ಹೇಳಲಾಗುತ್ತದೆ. ವ್ಯತ್ಯಾಸ ತಪ್ಪಿನ ಗಾತ್ರದಲ್ಲಿಲ್ಲ. ಮಾನ್ವಿಯ ಕಥೆಯಲ್ಲಿ ತಪ್ಪನ್ನು ಹೇಳಿದವರು ಮನೆಯವರೇ. ಶಿಷ್ಯರು ತಾವೇ ಅದನ್ನು ಹಾಡಿ, ತಾವೇ ಅದಕ್ಕೆ ಪ್ರಾಯಶ್ಚಿತ್ತ ಕಟ್ಟಿ, ತಾವೇ ಮುಗಿಸಿದರು. ಹೊರಗಿನ ಸಂಶೋಧಕನಿಗೆ ಬಯಲಿಗೆಳೆಯಲು ಏನನ್ನೂ ಉಳಿಸಲಿಲ್ಲ. ಇನ್ನೊಂದು ಕಾರಣವೂ ಇದೆ. ಗರ್ವ ಮಾಡಿದ ತಪ್ಪು, ಪಶ್ಚಾತ್ತಾಪದಿಂದ ತೊಳೆದುಹೋಗುವಂಥದು. ಹುಟ್ಟಿನ, ಕುಲದ ಮಾತನ್ನು ಯಾವ ಪಶ್ಚಾತ್ತಾಪವೂ ತೊಳೆಯಲಾರದೆಂದು ನಂಬಿರುವ ಸಮಾಜದಲ್ಲಿ ಅದನ್ನು ಎತ್ತಿದವನೇ ಅಪರಾಧಿಯಾಗುತ್ತಾನೆ. ಜಗನ್ನಾಥದಾಸರ ಹುಟ್ಟಿನ ಬಗ್ಗೆ ಯಾರಾದರೂ ಬೇರೆ ಮಾತು ಬರೆದಿದ್ದರೆ ಮಾನ್ವಿಯೂ ಇಷ್ಟು ಶಾಂತವಾಗಿರುತ್ತಿತ್ತೆಂದು ಹೇಳುವುದು ಕಷ್ಟ.

ಮಾನ್ವಿಯಲ್ಲಿ ದಾಸರ ಮನೆಯ ಕಂಬಕ್ಕೆ ಇಂದಿಗೂ ಪೂಜೆ ನಡೆಯುತ್ತದೆ; ಅವರು ಅದರಲ್ಲಿ ಸೇರಿಹೋದರೆಂಬುದು ನಂಬಿಕೆ. ಈಚಿನ ವರ್ಷಗಳಲ್ಲಿ ಅವರ ಬದುಕು ಚಲನಚಿತ್ರವೂ ಆಯಿತು. ಷಟ್ಪದಿಯ ಪಾರಾಯಣ, ಪ್ರವಚನ, ಪರೀಕ್ಷೆಗಳು ಬೆಂಗಳೂರಿನ ಬಡಾವಣೆಗಳಲ್ಲೂ ನಡೆಯುತ್ತವೆ. ಇಷ್ಟು ಗದ್ದಲದಲ್ಲಿ ಹಿಂದೆ ಬಿದ್ದಿರುವುದು ಅವರ ಇನ್ನೊಂದು ಕೃತಿ, 'ತತ್ತ್ವಸುವ್ವಾಲಿ'. ಸುವ್ವಾಲಿ ಎಂದರೆ ಕುಟ್ಟುವಾಗ ಬೀಸುವಾಗ ಹೆಂಗಸರು ಹಾಡುವ ಹಾಡಿನ ಧಾಟಿ. ಅದರ ಮೂರು ಸಾಲಿನ ಪದ್ಯ ಹಳ್ಳಿಯ ಗರತಿಯರದು. ಗೆಜ್ಜೆ ಕಟ್ಟಿದವರ ಜೊತೆ ಉಣ್ಣಲು ಒಲ್ಲೆನೆಂದಿದ್ದ ಪಂಡಿತ ಒನಕೆ ಹಿಡಿದವರಿಗಾಗಿ ಬರೆದದ್ದು ಅದು. ಪಂಡಿತರ ಹೊಟ್ಟೆಶೂಲೆಯ ಬಗ್ಗೆ ನಡೆದಷ್ಟು ಚರ್ಚೆ ಸುವ್ವಾಲಿಯ ಬಗ್ಗೆ ನಡೆದಿಲ್ಲ. ಹಿಟ್ಟಿನ ಗಿರಣಿಗಳು ಬಂದ ಮೇಲೆ ಅದನ್ನು ಹಾಡುವ ಹೊತ್ತೂ ಮನೆಗಳಲ್ಲಿ ಇಲ್ಲವಾಯಿತು.